ಹೂಗಳ ಕಣಿವೆಗೆ ಮಾರ್ಗದರ್ಶಿಯೊಂದಿಗೆ ಹೋಗುವವರು ಮೊದಲೇ ವಿಚಾರಿಸಬೇಕಾದದ್ದು

ಉತ್ತರಾಖಂಡದ ಹೂಗಳ ಕಣಿವೆ ರಾಷ್ಟ್ರೀಯ ಉದ್ಯಾನಕ್ಕೆ ಮಾರ್ಗದರ್ಶಿಯೊಂದಿಗೆ ಕರೆದೊಯ್ಯುವ ಪ್ರವಾಸಗಳ ವಿವರಗಳನ್ನು ಮುಂದಿಟ್ಟುಕೊಂಡು ಕುಳಿತವರು ಸಾಮಾನ್ಯವಾಗಿ ಮೊದಲು ನೋಡುವುದು ಬೆಲೆಯನ್ನು, ಆಮೇಲೆ ಒಟ್ಟು ದಿನಗಳನ್ನು, ಕೊನೆಗೆ ತೋರಿಸುವ ಸ್ಥಳಗಳನ್ನು. ಎರಡು ಸಲ ಹೋಗಿಬಂದ ಅನುಭವದಿಂದ ಹೇಳುವುದಾದರೆ, ಎಲ್ಲಕ್ಕಿಂತ ಮೊದಲು ಕೇಳಬೇಕಾದ ಪ್ರಶ್ನೆ ಘಾಂಗರಿಯಾದಲ್ಲಿ ಎಷ್ಟು ರಾತ್ರಿ ಉಳಿಸುತ್ತಾರೆ ಎಂಬುದು. ಕಣಿವೆಯೊಳಗೆ ಯಾರಿಗೂ ತಂಗಲು ಅವಕಾಶವಿಲ್ಲ. ಗುಡಾರ ಹಾಕುವಂತಿಲ್ಲ, ಅಂಗಡಿ ಇಲ್ಲ, ಹೇಸರಗತ್ತೆಗಳನ್ನೂ ಒಳಗೆ ಬಿಡುವುದಿಲ್ಲ. ಎಲ್ಲರೂ ಸುಮಾರು 3,050 ಮೀಟರ್ ಎತ್ತರದ ಘಾಂಗರಿಯಾ ಎಂಬ ಸಣ್ಣ ಊರಿನಲ್ಲಿ ಉಳಿದು, ಬೆಳಿಗ್ಗೆ ಕಣಿವೆಗೆ ನಡೆದು ಹೋಗಿ, ಸಂಜೆಯೊಳಗೆ ಹಿಂದಿರುಗಬೇಕು. ಎರಡೇ ರಾತ್ರಿಗಳ ಪ್ರವಾಸದಲ್ಲಿ ನಿಮಗೆ ಸಿಗುವುದು ಒಂದೇ ಪೂರ್ಣ ದಿನ. ಆ ದಿನ ಮಳೆ ಹಿಡಿದು ಮಂಜು ಕವಿದರೆ, ಬೆಂಗಳೂರಿನಿಂದ ಅಷ್ಟು ದೂರ ಹೋಗಿ ಹತ್ತು ಮಾರಿನಾಚೆ ಏನನ್ನೂ ಕಾಣದೆ ಬರಬೇಕಾಗುತ್ತದೆ. ಮೂರು ರಾತ್ರಿಗಳಿದ್ದರೆ ಕಣಿವೆಗೆ ಒಂದು ದಿನ, ಅದರ ಮೇಲಿನ ಸರೋವರದ ದಂಡೆಯಲ್ಲಿರುವ ಸಿಖ್ಖರ ಯಾತ್ರಾಸ್ಥಳ ಹೇಮಕುಂಡಕ್ಕೆ ಒಂದು ದಿನ ಸಿಗುತ್ತದೆ. ನಾಲ್ಕು ರಾತ್ರಿಗಳನ್ನು ಕೊಡುವವರು ಸಿಕ್ಕರೆ, ಅವರ ಬೆಲೆ ಸ್ವಲ್ಪ ಹೆಚ್ಚೇ ಇದ್ದರೂ, ನಾನು ಅವರನ್ನೇ ಆರಿಸುತ್ತೇನೆ. ಕಣಿವೆಗೆ ಎರಡನೆಯ ಸಲ ಕಾಲಿಟ್ಟಾಗಲೇ ಕಣ್ಣು ಅವಸರ ಬಿಟ್ಟು ಒಂದೊಂದೇ ಹೂವನ್ನು ನೋಡಲು ಕಲಿಯುತ್ತದೆ.

ಕೆಲವು ಪ್ರವಾಸಗಳನ್ನು "ಎರಡು ರಾಷ್ಟ್ರೀಯ ಉದ್ಯಾನಗಳು" ಎಂದು ಬಣ್ಣಿಸಿರುತ್ತಾರೆ. ಇದನ್ನು ಬಿಡಿಸಿ ತಿಳಿದುಕೊಳ್ಳುವುದು ಒಳ್ಳೆಯದು. 87.5 ಚದರ ಕಿಲೋಮೀಟರ್ ವಿಸ್ತೀರ್ಣದ ಹೂಗಳ ಕಣಿವೆ 1982ರಲ್ಲಿ ರಾಷ್ಟ್ರೀಯ ಉದ್ಯಾನವಾಯಿತು. ಅದರ ಆಗ್ನೇಯಕ್ಕಿರುವ ನಂದಾದೇವಿ ರಾಷ್ಟ್ರೀಯ ಉದ್ಯಾನ 1988ರಲ್ಲಿ ಯುನೆಸ್ಕೊದ ವಿಶ್ವ ಪರಂಪರೆಯ ಪಟ್ಟಿಗೆ ಸೇರಿತು. 2005ರಲ್ಲಿ ಹೂಗಳ ಕಣಿವೆಯನ್ನೂ ಅದಕ್ಕೆ ಜೋಡಿಸಿ, ಎರಡನ್ನೂ ಒಂದೇ ತಾಣವೆಂದು ಪರಿಗಣಿಸಲಾಯಿತು. ಆದರೆ ನಂದಾದೇವಿ ಶಿಖರವನ್ನು ಸುತ್ತುವರಿದ ಒಳ ಆವರಣವು ಆರೋಹಿಗಳ ಮತ್ತು ಚಾರಣಿಗರ ಕಸದಿಂದ, ಸೌದೆಗಾಗಿ ಮರ ಕಡಿದದ್ದರಿಂದ ಹಾಳಾಗುತ್ತಿದ್ದ ಕಾರಣ 1980ರ ದಶಕದ ಆರಂಭದಲ್ಲೇ ಮುಚ್ಚಲ್ಪಟ್ಟಿತು. 2003ರಿಂದ ಅಂಚಿನ ಒಂದು ಸಣ್ಣ ಭಾಗಕ್ಕೆ ಮಾತ್ರ, ಮಿತ ಸಂಖ್ಯೆಯಲ್ಲಿ, ಪ್ರವೇಶವಿದೆ. ಅದು ಬೇರೆಯೇ ಆದ, ಕಠಿಣವಾದ ಚಾರಣ. ಹೂಗಳ ಕಣಿವೆಯ ಪ್ರವಾಸದಲ್ಲಿ ನಂದಾದೇವಿಯನ್ನು ತೋರಿಸುತ್ತೇವೆ ಎಂದರೆ, ಜ್ಯೋತಿರ್ಮಠದ (ಹಿಂದಿನ ಜೋಶಿಮಠ) ಮೇಲಿನ ಔಲಿಯಿಂದ ಶಿಖರವನ್ನು ದೂರದಿಂದ ತೋರಿಸುತ್ತಾರೆ ಎಂದೇ ಅರ್ಥ. ಆ ನೋಟ ಕಡಿಮೆಯದೇನಲ್ಲ; ಆದರೆ ಮಳೆಗಾಲದಲ್ಲಿ ಮೋಡ ಸರಿದರೆ ಮಾತ್ರ ಅದು ದೊರೆಯುತ್ತದೆ.

ಉದ್ಯಾನ ಜೂನ್ 1ರಿಂದ ಅಕ್ಟೋಬರ್ 31ರವರೆಗೆ ತೆರೆದಿರುತ್ತದೆ. ಜೂನ್ ಮೊದಲ ವಾರಗಳಲ್ಲಿ ದಾರಿಗೆ ಅಡ್ಡಲಾಗಿ ಹಿಮದ ಹಾಸುಗಳು ಉಳಿದಿರುತ್ತವೆ, ಹಿಮ ಕರಗಿದ ಅಂಚಿನಲ್ಲಿ ಪ್ರಿಮುಲಾದಂಥ ಮೊದಲ ಹೂಗಳು ಮಾತ್ರ ಇರುತ್ತವೆ. ಚಿತ್ರಗಳಲ್ಲಿ ಕಾಣುವ ಹೂವಿನ ಸಮೃದ್ಧಿ ಜುಲೈ ನಡುವಿನಿಂದ ಆಗಸ್ಟ್ ನಡುವಿನವರೆಗಿನದು, ಮತ್ತು ಅದು ಸರಿಯಾಗಿ ಮಳೆಯ ನಡುಗಾಲವೂ ಹೌದು. ಹೂವು ಬೇಕು, ಮಳೆ ಬೇಡ ಎಂದು ಕೇಳುವಂತಿಲ್ಲ. ಮಲೆನಾಡಿನ ಆಷಾಢವನ್ನು ಕಂಡವರಿಗೆ ಇದನ್ನು ವಿವರಿಸಬೇಕಾಗಿಲ್ಲ. ಆಗಸ್ಟ್ ಕೊನೆಗೆ ಹೂವಿನ ಬಗೆಗಳು ಕಡಿಮೆಯಾದರೂ ಆಕಾಶ ಬಿಡುವು ಕೊಡತೊಡಗುತ್ತದೆ, ಹೇಮಕುಂಡದ ಬಂಡೆಗಳ ನಡುವೆ ಬ್ರಹ್ಮಕಮಲ ಅರಳಿರುತ್ತದೆ. ಸೆಪ್ಟೆಂಬರ್ ಕೊನೆಗೆ ಕಣಿವೆ ಕಂದು ಮತ್ತು ಕೆಂಪು ಬಣ್ಣಕ್ಕೆ ತಿರುಗಿ, ಹೂವಿಗಿಂತ ಹಿಮಶಿಖರಗಳು ಚೆನ್ನಾಗಿ ಕಾಣುತ್ತವೆ. ಮೊದಲ ಸಲ ಹೋಗುವವರಿಗೆ ಆಗಸ್ಟ್‌ನ ಮೊದಲ ಎರಡು ವಾರಗಳನ್ನು ಸೂಚಿಸುತ್ತೇನೆ. ಮಂಡಿನೋವಿನವರು ಮತ್ತು ಜಾರುವ ದಾರಿಗೆ ಅಂಜುವವರು ಆಗಸ್ಟ್ ಕೊನೆಯ ವಾರವನ್ನು ಆರಿಸಿಕೊಳ್ಳಲಿ.

ಪ್ರವಾಸವನ್ನು ನಡೆಸುವವರು ಯಾರು ಎಂಬುದಕ್ಕಿಂತ, ನಿಮ್ಮ ಗುಂಪಿನ ಜೊತೆ ನಡೆಯುವವರು ಯಾರು ಎಂಬುದು ಮುಖ್ಯ. ಬೆಂಗಳೂರಿನ ಕಚೇರಿಯಲ್ಲಿ ಫೋನ್ ತೆಗೆದುಕೊಳ್ಳುವವರು ಎಷ್ಟೇ ವಿನಯವಂತರಾಗಿರಲಿ, ಬೆಟ್ಟದ ಮೇಲೆ ನಿಮ್ಮ ಉಸಿರಿನ ಸದ್ದನ್ನು ಗಮನಿಸುವವರು ಅವರಲ್ಲ. ಹಾಗಾಗಿ ನೇರವಾಗಿ ಕೇಳಿ: ಗುಂಪಿನಲ್ಲಿ ಎಷ್ಟು ಜನ, ಅವರಿಗೆ ಎಷ್ಟು ಮಾರ್ಗದರ್ಶಿಗಳು? ಮಾರ್ಗದರ್ಶಿ ಕಣಿವೆ ಇರುವ ಚಮೋಲಿ ಜಿಲ್ಲೆಯವರೇ? ಉತ್ತರಕಾಶಿಯ ನೆಹರು ಪರ್ವತಾರೋಹಣ ಸಂಸ್ಥೆಯಂಥ ಕಡೆ ತರಬೇತಿ ಪಡೆದಿದ್ದಾರೆಯೇ, ಪ್ರಥಮ ಚಿಕಿತ್ಸೆ ಬಲ್ಲರೇ? ಆಮ್ಲಜನಕದ ಸಿಲಿಂಡರ್ ಮತ್ತು ಬೆರಳಿಗೆ ಹಾಕಿ ನೋಡುವ ಆಕ್ಸಿಮೀಟರ್ ಜೊತೆಗಿರುತ್ತವೆಯೇ? ಒಬ್ಬರು ಅರ್ಧ ದಾರಿಯಲ್ಲಿ ಹಿಂದಿರುಗಬೇಕಾದರೆ ಅವರ ಜೊತೆ ಯಾರು ಇಳಿಯುತ್ತಾರೆ? ಈ ಕೊನೆಯ ಪ್ರಶ್ನೆಗೆ ತಕ್ಷಣ ಸ್ಪಷ್ಟವಾದ ಉತ್ತರ ಬರದಿದ್ದರೆ ಅಲ್ಲಿಗೆ ಬಿಟ್ಟುಬಿಡಿ. ಇಪ್ಪತ್ತು ಜನರ ಗುಂಪಿಗೆ ಒಬ್ಬನೇ ಮಾರ್ಗದರ್ಶಿ ಇದ್ದರೆ, ಮುಂದೆ ಓಡುವವರಿಗೂ ಹಿಂದೆ ಉಳಿಯುವವರಿಗೂ ಮಾರ್ಗದರ್ಶಿ ಇಲ್ಲದಂತೆಯೇ. ಮುಂದೊಬ್ಬರು, ಹಿಂದೊಬ್ಬರು ಇರಲೇಬೇಕು. ಜೊತೆಗೆ, ಬೆಲೆಯಲ್ಲಿ ಏನೇನು ಸೇರಿದೆ ಎಂಬುದನ್ನು ಬರವಣಿಗೆಯಲ್ಲಿ ಪಡೆಯಿರಿ: ನಡಿಗೆ ಶುರುವಾಗುವ ಪುಲ್ನಾ ಹಳ್ಳಿಯವರೆಗಿನ ಜೀಪು, ಉದ್ಯಾನದ ಪ್ರವೇಶ ಶುಲ್ಕ, ಸಾಮಾನು ಹೊರಿಸುವ ಕೂಲಿ, ಘಾಂಗರಿಯಾದ ಕೋಣೆಯಲ್ಲಿ ಎಷ್ಟು ಜನ ಎಂಬ ಸಂಗತಿ ಮತ್ತು ಬಿಸಿನೀರು, ಇವುಗಳನ್ನು ಹೊರಗಿಟ್ಟೇ ಕಡಿಮೆ ಬೆಲೆಯನ್ನು ತೋರಿಸುವುದುಂಟು. ಹೇಮಕುಂಡ ಮತ್ತು ಬದರಿಗೆ ಹೋಗುವವರು ಉತ್ತರಾಖಂಡ ಸರ್ಕಾರದ ಯಾತ್ರಾ ನೋಂದಣಿಯನ್ನು ಮಾಡಿಸಿಕೊಂಡಿರಬೇಕು. ಅದನ್ನು ಅವರು ಮಾಡಿಸುತ್ತಾರೆಯೋ ನೀವೇ ಮಾಡಿಕೊಳ್ಳಬೇಕೋ ಎಂಬುದನ್ನೂ ಕೇಳಿಟ್ಟುಕೊಳ್ಳಿ.

ದೇಹದ ಸಿದ್ಧತೆಯ ವಿಷಯದಲ್ಲಿ ನಮ್ಮ ಕಡೆಯವರು ಒಂದು ತಪ್ಪು ಲೆಕ್ಕ ಹಾಕುತ್ತಾರೆ. ಕುದುರೆಮುಖ ಹತ್ತಿದ್ದೇನೆ, ಕುಮಾರಪರ್ವತ ಹತ್ತಿದ್ದೇನೆ, ಇದೇನು ಮಹಾ ಎಂಬ ಧೈರ್ಯ ಕಾಲಿನ ಮಟ್ಟಿಗೆ ಸರಿ, ಉಸಿರಿನ ಮಟ್ಟಿಗೆ ಸರಿಯಲ್ಲ. ಕರ್ನಾಟಕದ ಅತ್ಯುನ್ನತ ಶಿಖರವಾದ ಮುಳ್ಳಯ್ಯನಗಿರಿಯ ಎತ್ತರವೇ ಸುಮಾರು 1,930 ಮೀಟರ್. ಘಾಂಗರಿಯಾದಲ್ಲಿ ನೀವು ಮಲಗುವ ಹಾಸಿಗೆ ಅದಕ್ಕಿಂತ ಒಂದು ಸಾವಿರ ಮೀಟರ್‌ಗೂ ಹೆಚ್ಚು ಎತ್ತರದಲ್ಲಿರುತ್ತದೆ, ಹೇಮಕುಂಡ 4,300 ಮೀಟರ್‌ಗೂ ಮೇಲಿದೆ. ಆ ಎತ್ತರದಲ್ಲಿ ಒಂದೊಂದು ಉಸಿರಿಗೆ ದೊರೆಯುವ ಆಮ್ಲಜನಕ ಸಮುದ್ರಮಟ್ಟದಲ್ಲಿ ದೊರೆಯುವುದರ ಸುಮಾರು ಅರವತ್ತು ಪ್ರತಿಶತ ಮಾತ್ರ. ಇದಕ್ಕೆ ಊರಿನಲ್ಲಿದ್ದುಕೊಂಡು ದೇಹವನ್ನು ಒಗ್ಗಿಸುವ ಉಪಾಯವಿಲ್ಲ. ಒಗ್ಗುವುದು ಅಲ್ಲಿಯೇ, ನಿಧಾನವಾಗಿ, ರಾತ್ರಿಗಳನ್ನು ಕಳೆದು. ಊರಿನಲ್ಲಿ ಮಾಡಬಹುದಾದದ್ದು ಕಾಲು ಮತ್ತು ಹೃದಯವನ್ನು ಗಟ್ಟಿಗೊಳಿಸುವುದು. ಎರಡು ತಿಂಗಳ ಮೊದಲಿನಿಂದ ವಾರಕ್ಕೆ ನಾಲ್ಕು ದಿನ ವೇಗವಾಗಿ ನಡೆಯಿರಿ, ಮೆಟ್ಟಿಲು ಹತ್ತಿ ಇಳಿಯಿರಿ. ಮೈಸೂರಿನವರಿಗೆ ಚಾಮುಂಡಿ ಬೆಟ್ಟದ ಮೆಟ್ಟಿಲುಗಳಿಗಿಂತ ಒಳ್ಳೆಯ ಅಭ್ಯಾಸದ ಜಾಗ ಬೇಕಿಲ್ಲ. ಆದರೆ ಹೇಮಕುಂಡದ ದಿನ ಒಂದೇ ಏರಿನಲ್ಲಿ ಹತ್ತುವುದು ಆ ಬೆಟ್ಟವನ್ನು ಸುಮಾರು ನಾಲ್ಕು ಸಲ ಹತ್ತಿದಷ್ಟು ಎಂಬುದು ನೆನಪಿರಲಿ. ಇಳಿಯುವ ಅಭ್ಯಾಸವನ್ನು ಬಿಡಬೇಡಿ, ಏಕೆಂದರೆ ನೋವು ಬರುವುದು ಇಳಿಯುವಾಗ. ರಕ್ತದೊತ್ತಡ, ಮಧುಮೇಹ, ಆಸ್ತಮಾ, ಹೃದಯದ ತೊಂದರೆ ಇರುವವರು ಹೊರಡುವ ಮೊದಲು ವೈದ್ಯರನ್ನು ಕಂಡು, ಇಂತಿಷ್ಟು ಎತ್ತರಕ್ಕೆ ಹೋಗುತ್ತಿದ್ದೇನೆ ಎಂದು ಮೀಟರ್ ಲೆಕ್ಕದಲ್ಲಿಯೇ ಹೇಳಬೇಕು. ಎತ್ತರದ ಕಾಯಿಲೆಗೆ ಮುನ್ನೆಚ್ಚರಿಕೆಯಾಗಿ ಕೊಡುವ ಅಸಿಟಜೋಲಮೈಡ್ ಮಾತ್ರೆಯನ್ನು ಸಹಪ್ರಯಾಣಿಕರಿಂದ ಕೇಳಿ ಪಡೆದು ನುಂಗಬೇಡಿ. ಸಲ್ಫಾ ಔಷಧಗಳ ಅಲರ್ಜಿ ಇದ್ದವರು ಆ ವಿಷಯವನ್ನು ವೈದ್ಯರಿಗೆ ಹೇಳಲೇಬೇಕು.

ಈಗ ದಾರಿಯ ಮಾತು. ಡೆಹ್ರಾಡೂನ್‌ಗೆ ವಿಮಾನದಲ್ಲಿ, ಇಲ್ಲವೇ ದೆಹಲಿಯ ಮೂಲಕ ಹರಿದ್ವಾರಕ್ಕೆ ರೈಲಿನಲ್ಲಿ ತಲುಪಿದವರನ್ನು ಸಾಮಾನ್ಯವಾಗಿ ರಿಷಿಕೇಶದಿಂದ ಮುಂಜಾನೆ ಇನ್ನೂ ಕತ್ತಲಿರುವಾಗಲೇ ಹೊರಡಿಸುತ್ತಾರೆ. ಜ್ಯೋತಿರ್ಮಠಕ್ಕೆ ಸುಮಾರು 250 ಕಿಲೋಮೀಟರ್. ಬಯಲು ಸೀಮೆಯ ಲೆಕ್ಕದಲ್ಲಿ ಐದು ಗಂಟೆಯ ದಾರಿ, ಇಲ್ಲಿ ಹತ್ತು ಗಂಟೆಯದು. ದೇವಪ್ರಯಾಗ, ರುದ್ರಪ್ರಯಾಗ, ಕರ್ಣಪ್ರಯಾಗ, ನಂದಪ್ರಯಾಗಗಳನ್ನು ದಾಟುತ್ತ, ನದಿಯ ಬಣ್ಣ ಪ್ರತಿ ಸಂಗಮದಲ್ಲಿ ಬದಲಾಗುವುದನ್ನು ನೋಡುತ್ತ ಹೋಗುವ ಈ ದಿನವನ್ನು ವ್ಯರ್ಥವೆಂದು ಎಣಿಸಬೇಡಿ. ರುದ್ರಪ್ರಯಾಗದಲ್ಲಿ ಎಡಕ್ಕೆ ಒಡೆಯುವ ದಾರಿ ಕೇದಾರಕ್ಕೆ ಹೋಗುತ್ತದೆ; ಕೇದಾರದ ರಾವಲರು, ಅಂದರೆ ಅಲ್ಲಿಯ ದೇವಾಲಯದ ಮುಖ್ಯಸ್ಥರು, ಪರಂಪರೆಯಿಂದ ಕರ್ನಾಟಕದ ವೀರಶೈವ ಜಂಗಮರು. ಹಾಗೆಯೇ ಜ್ಯೋತಿರ್ಮಠ ನಮ್ಮ ಶೃಂಗೇರಿಯಂತೆಯೇ ಶಂಕರರ ನಾಲ್ಕು ಆಮ್ನಾಯ ಪೀಠಗಳಲ್ಲಿ ಒಂದು. ಆ ಊರಿನ ನೆಲ 2023ರ ಜನವರಿಯಲ್ಲಿ ಕುಸಿದು ನೂರಾರು ಮನೆಗಳು ಬಿರುಕುಬಿಟ್ಟವು. ಕೆಲವು ಪ್ರವಾಸಗಳು ಮುಂದಿನ ಪಾಂಡುಕೇಶ್ವರ ಅಥವಾ ಗೋವಿಂದಘಾಟ್‌ನಲ್ಲಿ ಮೊದಲ ರಾತ್ರಿಯನ್ನು ಇಡುತ್ತವೆ. ಮರುದಿನದ ನಡಿಗೆಗೆ ಅದು ಅನುಕೂಲವೂ ಹೌದು.

ಈ ರಸ್ತೆಯಲ್ಲಿ ಮಳೆಗಾಲದಲ್ಲಿ ಗುಡ್ಡ ಕುಸಿಯುವುದು ಅಪರೂಪದ ಸಂಗತಿಯಲ್ಲ. ನಾನು ಮೊದಲ ಸಲ ಹೋದಾಗ ಪ್ರವಾಸದ ಯೋಜನೆಯಲ್ಲಿ ಒಂದೂ ಬಿಡುವಿನ ದಿನವಿರಲಿಲ್ಲ. ಹಿಂದಿರುಗುವ ದಾರಿಯಲ್ಲಿ ಕುಸಿತದಿಂದ ರಸ್ತೆ ಮುಚ್ಚಿ, ಹದಿನಾಲ್ಕು ಗಂಟೆ ವಾಹನದಲ್ಲೇ ಕುಳಿತು, ವಿಮಾನ ತಪ್ಪಿ, ಹೊಸ ಟಿಕೆಟ್ಟಿನ ಹಣವನ್ನು ಪ್ರತಿಯೊಬ್ಬರೂ ತಾವೇ ಭರಿಸಬೇಕಾಯಿತು. ಅವಸರದಲ್ಲಿ ಹೊರಡಿಸಿದ ಚಾಲಕನು ರಾತ್ರಿಯೆಲ್ಲ ನಿದ್ದೆಯಿಲ್ಲದೆ ಓಡಿಸಿದ್ದು ನನಗೆ ಇಂದಿಗೂ ಭಯ ತರುವ ನೆನಪು. ಆದ್ದರಿಂದ ಹಿಂದಿರುಗುವ ವಿಮಾನ ಅಥವಾ ರೈಲಿನ ಟಿಕೆಟ್ಟನ್ನು ಪ್ರವಾಸ ಮುಗಿಯುವ ದಿನದ ಮರುದಿನಕ್ಕೆ, ಸಾಧ್ಯವಾದರೆ ಅದರ ಮಾರನೆಯ ದಿನಕ್ಕೆ, ತೆಗೆದುಕೊಳ್ಳಿ. ರಸ್ತೆ ಮುಚ್ಚಿದರೆ ಹೆಚ್ಚುವರಿ ವಸತಿ ಮತ್ತು ಊಟದ ಖರ್ಚು ಯಾರದು ಎಂಬುದನ್ನು ಹಣ ಕಟ್ಟುವ ಮೊದಲೇ ಇತ್ಯರ್ಥ ಮಾಡಿಕೊಳ್ಳಿ.

ಗೋವಿಂದಘಾಟ್‌ನಿಂದ ಪುಲ್ನಾ ಹಳ್ಳಿಯವರೆಗೆ ನಾಲ್ಕು ಕಿಲೋಮೀಟರ್ ಜೀಪು, ಅಲ್ಲಿಂದ ಘಾಂಗರಿಯಾಕ್ಕೆ ಸುಮಾರು ಹತ್ತು ಕಿಲೋಮೀಟರ್ ನಡಿಗೆ. ಕಲ್ಲು ಹಾಸಿದ, ಅಗಲವಾದ ದಾರಿ. ಪಕ್ಕದಲ್ಲಿ ಲಕ್ಷ್ಮಣ ಗಂಗೆ. ನಡೆಯಲಾರದವರಿಗೆ ಹೇಸರಗತ್ತೆ, ಬೆನ್ನಮೇಲಿನ ಬುಟ್ಟಿಯಲ್ಲಿ ಹೊರುವ ಕಂಡಿ, ನಾಲ್ವರು ಹೊರುವ ಡಂಡಿ ಇವೆ; ಹವೆ ಒಳ್ಳೆಯದಿದ್ದಾಗ ಘಾಂಗರಿಯಾದವರೆಗೆ ಹೆಲಿಕಾಪ್ಟರ್ ಕೂಡ ಹಾರುತ್ತದೆ. ಆರೋಗ್ಯ ಅನುಮತಿಸುವವರು ನಡೆದೇ ಹೋಗಬೇಕೆಂಬುದು ನನ್ನ ಗಟ್ಟಿ ಅಭಿಪ್ರಾಯ. ಐದಾರು ಗಂಟೆಗಳ ಆ ನಿಧಾನದ ಏರು ದೇಹಕ್ಕೆ ಎತ್ತರವನ್ನು ಪರಿಚಯಿಸುತ್ತದೆ; ಐದೇ ನಿಮಿಷದಲ್ಲಿ ಹಾರಿ ಬಂದವರು ಮೊದಲ ರಾತ್ರಿ ತಲೆನೋವಿನಿಂದ ನರಳಿದ್ದನ್ನು ನೋಡಿದ್ದೇನೆ. ದಾರಿಯಲ್ಲಿ ಬರುವ ಭ್ಯೂಂಡಾರ್ ಹಳ್ಳಿ 2013ರ ಜೂನ್ ಪ್ರವಾಹದಲ್ಲಿ ಕೊಚ್ಚಿಹೋಗಿತ್ತು. ಮಾರ್ಗದರ್ಶಿ ಆ ಕಡೆಯವರಾಗಿದ್ದರೆ, ಮೊದಲು ಮನೆಗಳು ಎಲ್ಲಿದ್ದವು, ನದಿ ಎಲ್ಲಿ ಹರಿಯುತ್ತಿತ್ತು ಎಂದು ಕೈತೋರಿಸಿ ಹೇಳುತ್ತಾರೆ. ಅವಸರಿಸದೆ ಕೇಳಿ.

ಮರುದಿನ ಕಣಿವೆ, ಅದರ ಮರುದಿನ ಹೇಮಕುಂಡ: ಕ್ರಮ ಇದೇ ಆಗಿರಬೇಕು. ಕೆಲವು ಗುಂಪುಗಳು ಕಷ್ಟದ ದಿನವನ್ನು ಮೊದಲು ಮುಗಿಸೋಣ ಎಂದು ಹೇಮಕುಂಡವನ್ನು ಮುಂದಿಡುತ್ತವೆ. ಒಂದೇ ರಾತ್ರಿ ಕಳೆದ ದೇಹವನ್ನು 4,300 ಮೀಟರ್‌ಗೆ ಒಯ್ಯುವುದು ಒಳ್ಳೆಯದಲ್ಲ. ಕಣಿವೆಯ ದ್ವಾರದಲ್ಲಿ ಹೆಸರು ಬರೆಸಿ, ಒಯ್ಯುತ್ತಿರುವ ಪ್ಲಾಸ್ಟಿಕ್ ವಸ್ತುಗಳ ಲೆಕ್ಕ ಕೊಟ್ಟು, ಬೆಳಿಗ್ಗೆ ಏಳರ ಸುಮಾರಿಗೆ ಒಳಗೆ ಹೊರಟುಬಿಡಬೇಕು. ಮಧ್ಯಾಹ್ನದ ಮೇಲೆ ಒಳಗೆ ಬಿಡುವುದಿಲ್ಲ, ಸಂಜೆ ಐದರೊಳಗೆ ಎಲ್ಲರೂ ಹೊರಗಿರಬೇಕು. ಪುಷ್ಪಾವತಿ ನದಿಯ ಸೇತುವೆ ದಾಟಿದ ಮೇಲೆ ಭೂರ್ಜಮರಗಳ ನಡುವೆ ಕಡಿದಾದ ಏರು ಇದೆ. ಬಹಳ ಜನ ತಲೆ ತಗ್ಗಿಸಿ ಹತ್ತುತ್ತ ಅಲ್ಲಿಯ ನೆರಳಿನಲ್ಲಿರುವ, ಹೆಡೆಯೆತ್ತಿದಂತೆ ಕಾಣುವ ಅರಿಸಿಮಾ ಹೂಗಳನ್ನು ಗಮನಿಸುವುದೇ ಇಲ್ಲ. ಏರು ಮುಗಿದಾಗ ಕಣಿವೆ ತಟ್ಟನೆ ತೆರೆದುಕೊಳ್ಳುತ್ತದೆ, ತುದಿಯಲ್ಲಿ ರತಾಬನ್ ಶಿಖರ ಮತ್ತು ಟಿಪ್ರಾ ಹಿಮನದಿ. ನಮ್ಮ ಗೌರಿಹೂವಿನ ಬಂಧುವಾದ ಬಾಲ್ಸಮ್ ಆಳೆತ್ತರ ಬೆಳೆದು ಇಳಿಜಾರನ್ನೆಲ್ಲ ಗುಲಾಬಿಯಾಗಿಸಿರುತ್ತದೆ. ಹೊಳೆಯ ಮರಳಿನ ಬಳಿ ಎಪಿಲೋಬಿಯಮ್, ಬಂಡೆಗಳ ಸಂದಿಯಲ್ಲಿ ಮುಳ್ಳುಮುಳ್ಳಾದ ಕಾಂಡದ ನೀಲಿ ಗಸಗಸೆ.

ಮಾರ್ಗದರ್ಶಿ ಇದ್ದೂ ಅವರನ್ನು ದಾರಿ ತೋರಿಸಲು ಮಾತ್ರ ಬಳಸುವುದು ದೊಡ್ಡ ನಷ್ಟ, ಏಕೆಂದರೆ ದಾರಿ ಒಂದೇ ಇದೆ, ಯಾರೂ ತಪ್ಪಿಸಿಕೊಳ್ಳುವುದಿಲ್ಲ. ಅವರನ್ನು ಹೂಗಳ ಬಗ್ಗೆ ಕೇಳಿ. ಇಲ್ಲಿ ಐನೂರಕ್ಕೂ ಹೆಚ್ಚು ಬಗೆಯ ಸಸ್ಯಗಳು ದಾಖಲಾಗಿವೆ. ಅವುಗಳಲ್ಲಿ ಹಲವನ್ನು ಹಳ್ಳಿಯವರು ಮದ್ದಾಗಿ ಬಳಸುತ್ತಿದ್ದರು. ಕುರಿಗಳ ಬಗ್ಗೆಯೂ ಕೇಳಿ. 1931ರಲ್ಲಿ ಕಾಮೆಟ್ ಶಿಖರವನ್ನು ಏರಿ ಇಳಿಯುತ್ತಿದ್ದ ಫ್ರಾಂಕ್ ಸ್ಮೈತ್ ಮತ್ತು ಸಂಗಡಿಗರು ಇದೇ ಭ್ಯೂಂಡಾರ್ ಕಣಿವೆಗೆ ಬಂದ ಮೇಲೆ ಇದು ಹೊರಜಗತ್ತಿಗೆ ಪ್ರಸಿದ್ಧವಾಯಿತು, ಆದರೆ ಅದಕ್ಕಿಂತ ಎಷ್ಟೋ ಮೊದಲಿನಿಂದ ಇದು ಹಳ್ಳಿಯವರ ಬೇಸಿಗೆಯ ಹುಲ್ಲುಗಾವಲು. ರಾಷ್ಟ್ರೀಯ ಉದ್ಯಾನವಾದ ಮೇಲೆ ಮೇಯಿಸುವುದು ನಿಂತಿತು, ಆಮೇಲಿನ ವರ್ಷಗಳಲ್ಲಿ ಪಾಲಿಗೋನಮ್ ಎಂಬ ಎತ್ತರದ ಗಿಡ ಹಬ್ಬಿ ಸಣ್ಣ ಹೂಗಿಡಗಳನ್ನು ಮುಚ್ಚತೊಡಗಿತು. ಅರಣ್ಯ ಇಲಾಖೆ ಅದನ್ನು ಕೀಳಿಸುತ್ತ ಬಂದಿದೆ. ಮೇಯಿಸುವುದು ನಿಂತದ್ದೇ ಕಾರಣವೇ ಎಂಬ ಚರ್ಚೆ ವಿಜ್ಞಾನಿಗಳಲ್ಲಿದೆ. ಅಲ್ಲಿಯವರ ಬಾಯಿಂದ ಕೇಳುವಾಗ ಆ ಪ್ರಶ್ನೆಯ ತೂಕವೇ ಬೇರೆ. ಮುಖ್ಯ ದಾರಿಯಿಂದ ಸ್ವಲ್ಪ ಒಳಗೆ ಜೋನ್ ಮಾರ್ಗರೆಟ್ ಲೆಗ್ ಅವರ ಸಮಾಧಿ ಇದೆ. ಸಸ್ಯಗಳನ್ನು ಸಂಗ್ರಹಿಸಲು ಬಂದಿದ್ದ ಅವರು 1939ರ ಜುಲೈಯಲ್ಲಿ ಇಲ್ಲಿಯ ಬಂಡೆಯಿಂದ ಜಾರಿ ಬಿದ್ದು ತೀರಿಕೊಂಡರು, ಆಮೇಲೆ ಅವರ ಅಕ್ಕತಂಗಿಯರಲ್ಲೊಬ್ಬರು ಬಂದು ಕಲ್ಲು ನೆಡಿಸಿದರು. ಸಮಾಧಿಯ ಬಳಿ ಕುಳಿತು ಬುತ್ತಿ ಬಿಚ್ಚುವವರು ಅಲ್ಲಿ ಸಿಪ್ಪೆಯನ್ನಾದರೂ ಬಿಡದೆ ಬರಲಿ. ಹೂವನ್ನು ಕೀಳುವುದು ಅಪರಾಧ. ಫೋಟೋಗಾಗಿ ದಾರಿ ಬಿಟ್ಟು ಹೂಗಳ ನಡುವೆ ಇಳಿಯುವುದೂ ಅಷ್ಟೇ ಹಾನಿ. ಗುಂಪಿನ ಯಾರಾದರೂ ಹಾಗೆ ಇಳಿದರೆ ಮಾರ್ಗದರ್ಶಿಯೊಬ್ಬರೇ ಗದರಲಿ ಎಂದು ಕಾಯದೆ ನೀವೇ ತಡೆಯಿರಿ.

ಹೇಮಕುಂಡದ ಆರು ಕಿಲೋಮೀಟರ್ ಏರಿಗೆ ಬೆಳಿಗ್ಗೆ ಐದಕ್ಕೇ ಹೊರಡಿ. ಮಧ್ಯಾಹ್ನ ಎರಡರ ಸುಮಾರಿಗೆ ಎಲ್ಲರನ್ನೂ ಕೆಳಗೆ ಕಳುಹಿಸುತ್ತಾರೆ, ಮೇಲೆ ತಂಗುವಂತಿಲ್ಲ. ಮಾತಾಡುತ್ತ ನಡೆಯಲು ಸಾಧ್ಯವಾಗುವಷ್ಟು ನಿಧಾನವೇ ಸರಿಯಾದ ವೇಗ. ತಲೆನೋವು ಮಾತ್ರ ಇದ್ದರೆ ನಿಂತು, ನೀರು ಕುಡಿದು, ಮಾರ್ಗದರ್ಶಿಗೆ ತಿಳಿಸಿ. ವಾಂತಿ, ತೂರಾಡುವ ನಡಿಗೆ, ಕುಳಿತಿರುವಾಗಲೂ ಏದುಸಿರು, ಮಾತಿನಲ್ಲಿ ಗೊಂದಲ ಕಂಡರೆ ಮೇಲೆ ಹೋಗುವ ಮಾತೇ ಇಲ್ಲ. ತಕ್ಷಣ ಇಳಿಯಬೇಕು, ಆಗ ಮಾರ್ಗದರ್ಶಿ ಹೇಳಿದ್ದೇ ಕೊನೆಯ ಮಾತು. ನನ್ನ ಅತ್ತಿಗೆ ಸರೋವರಕ್ಕೆ ಒಂದು ಕಿಲೋಮೀಟರ್ ಇರುವಾಗ ಮಾರ್ಗದರ್ಶಿಯ ಮಾತಿಗೆ ಒಪ್ಪಿ ಹಿಂದಿರುಗಿದರು. ಘಾಂಗರಿಯಾಕ್ಕೆ ಇಳಿದು ಎರಡು ಗಂಟೆಯಲ್ಲಿ ಚೇತರಿಸಿಕೊಂಡರು, ನಾಲ್ಕನೆಯ ರಾತ್ರಿ ಇದ್ದುದರಿಂದ ಮರುದಿನ ನಮ್ಮೊಡನೆ ಮತ್ತೆ ಕಣಿವೆಗೆ ಬಂದರು. ಮೇಲೆ ತಲುಪಿದವರಿಗೆ ಗುರುದ್ವಾರದ ಲಂಗರಿನಲ್ಲಿ ಬಿಸಿ ಖಿಚಡಿ ಮತ್ತು ಚಹಾ ಸಿಗುತ್ತದೆ. ಪಕ್ಕದಲ್ಲೇ ಲಕ್ಷ್ಮಣನ ಗುಡಿ. ತಲೆಗೆ ವಸ್ತ್ರ ಕಟ್ಟಿಕೊಂಡು ಒಳಗೆ ಹೋಗಬೇಕು. ಬ್ರಹ್ಮಕಮಲ ಉತ್ತರಾಖಂಡದ ರಾಜ್ಯಪುಷ್ಪ. ದಾರಿಯಲ್ಲಿ ಯಾರಾದರೂ ಕಿತ್ತು ಮಾರುತ್ತಿದ್ದರೆ ಕೊಳ್ಳಬೇಡಿ.

ಸಾಮಾನಿನ ಬಗ್ಗೆ ಹೆಚ್ಚು ಹೇಳಬೇಕಾದದ್ದಿಲ್ಲ. ಮೊದಲೇ ಹಾಕಿ ಪಳಗಿಸಿದ, ಪಾದದ ಗಂಟನ್ನು ಹಿಡಿಯುವ ಶೂ, ಚೀಲದ ಮೇಲೂ ಹೊದೆಯುವಂಥ ಮಳೆಯಂಗಿ, ಒಣಗಿದ ಒಂದು ಜೊತೆ ಬಟ್ಟೆಯನ್ನು ಪ್ಲಾಸ್ಟಿಕ್ಕಿನಲ್ಲಿ ಸುತ್ತಿ ಬೇರೆಯಾಗಿಡುವುದು, ಉಣ್ಣೆಯ ಟೋಪಿ, ಕೈಗವಸು, ಟಾರ್ಚ್, ಒಂದು ಊರುಗೋಲು ಇಷ್ಟಿದ್ದರೆ ಆಯಿತು. ಹತ್ತಿಯ ಬಟ್ಟೆ ನೆನೆದರೆ ಒಣಗುವುದಿಲ್ಲ, ಜೀನ್ಸ್ ಬೇಡವೇ ಬೇಡ. ಅಲ್ಲಿಯ ಪರಾಠ, ರಾಜ್ಮಾ, ಮ್ಯಾಗಿ ಮೂರನೆಯ ದಿನಕ್ಕೆ ಬಾಯಿ ಕೆಡಿಸುತ್ತವೆ. ಚಟ್ನಿಪುಡಿಯ ಒಂದು ಸಣ್ಣ ಡಬ್ಬಿ ಮತ್ತು ಬೆಲ್ಲ ಹಾಕಿದ ಕಡಲೆಬೀಜದ ಉಂಡೆಗಳು ಆಗ ಬೆಲೆಬಾಳುತ್ತವೆ. ಬೇಕಾದ ನಗದನ್ನು ಜ್ಯೋತಿರ್ಮಠದಲ್ಲೇ ತೆಗೆದಿಟ್ಟುಕೊಳ್ಳಿ. ಘಾಂಗರಿಯಾದಲ್ಲಿ ಮೊಬೈಲ್ ಸಂಪರ್ಕವನ್ನು ನೆಚ್ಚುವಂತಿಲ್ಲವಾದ್ದರಿಂದ ಎರಡು ಮೂರು ದಿನ ಫೋನ್ ಬರದಿದ್ದರೆ ಗಾಬರಿಯಾಗಬೇಡಿ ಎಂದು ಮನೆಯವರಿಗೆ ಹೇಳಿ ಹೊರಡಿ.

ಇಳಿಯುವ ದಿನ ಸಾಮಾನು ಹೊತ್ತವರಿಗೂ ಹೇಸರಗತ್ತೆಯವರಿಗೂ ಕೊಡಬೇಕಾದ ಹಣ ನಿಜವಾಗಿ ತಲುಪಿದೆಯೇ ಎಂದು ಅವರನ್ನೇ ಕೇಳಿ ಖಚಿತಪಡಿಸಿಕೊಳ್ಳಿ; ಬಕ್ಷೀಸು ಕೊಡುವುದಿದ್ದರೆ ಗುಂಪಿನ ಹೆಸರಿನಲ್ಲಿ ಯಾರ ಕೈಗೋ ಒಪ್ಪಿಸದೆ ಅವರ ಕೈಗೇ ಕೊಡಿ. ಪುಲ್ನಾ ಮತ್ತು ಭ್ಯೂಂಡಾರ್‌ನ ಕುಟುಂಬಗಳಿಗೆ ದುಡಿಮೆ ಇರುವುದು ದಾರಿ ತೆರೆದಿರುವ ಐದು ತಿಂಗಳು ಮಾತ್ರ. ಗೋವಿಂದಘಾಟ್ ತಲುಪಿದ ಮೇಲೆ ಸಮಯವಿದ್ದರೆ ಇಪ್ಪತ್ತೈದು ಕಿಲೋಮೀಟರ್ ದೂರದ ಬದರಿಗೆ ಹೋಗಿ, ತಪ್ತಕುಂಡದ ಬಿಸಿನೀರಿನಲ್ಲಿ ಕಾಲಿನ ನೋವು ಕಳೆದುಕೊಂಡು, ಅಲ್ಲಿಯೇ ಒಂದು ರಾತ್ರಿ ಉಳಿದು, ಮರುದಿನ ಬೆಳಕು ಹರಿದ ಮೇಲೆ ರಿಷಿಕೇಶದ ದಾರಿ ಹಿಡಿಯಿರಿ.